ಅಂಧೇರಿಯ 'ಸರ್ ಎಂ.ವಿ. ರಸ್ತೆ' ನಮ್ಮ ವಿಶ್ವೇಶ್ವರಯ್ಯನವರದ್ದಲ್ಲ! 'ಸರ್', 'ರಾವ್ ಬಹಾದೂರ್' ಬಿರುದುಗಳ ಪೂರ್ಣ ಮಾಹಿತಿ ಇಲ್ಲಿದೆ

ಮುಂಬೈ: ಊರಿನಿಂದ ಅಂಧೇರಿ ಪೂರ್ವಕ್ಕೆ ಹೊಸದಾಗಿ ಬಂದ ಕನ್ನಡಿಗರಿಗೆ ಅಂಗಡಿ ಫಲಕಗಳಲ್ಲಿ ಕಾಣುವ ಒಂದು ವಿಳಾಸ ಅಚ್ಚರಿ ತರುವುದುಂಟು. ಅದು 'ಸರ್ ಎಂ.ವಿ. ರಸ್ತೆ'. ಕರ್ನಾಟಕದಲ್ಲಿ ಸರ್ ಎಂ.ವಿ. ಎಂದರೆ ಮೋಕ್ಷಗುಂಡಂ ವಿಶ್ವೇಶ್ವರಯ್ಯ, ಬೇರೆ ಯಾರೂ ಅಲ್ಲ. ಆದರೆ ಅಂಧೇರಿಯ ಸರ್ ಎಂ.ವಿ. ಬೇರೆಯವರು. ಜನ ಅಂಧೇರಿ-ಕುರ್ಲಾ ರಸ್ತೆ ಎಂದು ಕರೆಯುವ, ಈಗ ವರ್ಸೋವಾ-ಘಾಟ್ಕೋಪರ್ ಮೆಟ್ರೋ ಮೇಲೆ ಹಾದುಹೋಗುವ ಈ ರಸ್ತೆಗೆ ಬ್ರಿಟಿಷ್ ಕಾಲದ ಮುಂಬೈ ವರ್ತಕ ಸರ್ ಮಥುರಾದಾಸ್ ವಸನ್‌ಜಿ ಅವರ ಹೆಸರಿದೆ.

ಇಬ್ಬರು ಎಂ.ವಿ.ಗಳ ಹೆಸರಿನ ಹಿಂದೆ ಸೇರಿದ 'ಸರ್' ಮಾತ್ರ ಒಂದೇ ಮೂಲದ್ದು. ಅದು ಬ್ರಿಟನ್ ದೊರೆ ಕೊಟ್ಟ ಗೌರವ. ಇಂಥ ಗೌರವಗಳು ಯಾರಿಗೆ, ಯಾವ ಸೇವೆಗೆ ಸಿಗುತ್ತಿದ್ದವು? ಅವುಗಳನ್ನು ವಾಪಸ್ ಮಾಡಿದವರು ಯಾರು? ಸ್ವಾತಂತ್ರ್ಯದ ನಂತರ ಏನಾಯಿತು? ಇಂದಿಗೂ ಭಾರತೀಯರಿಗೆ ಇವು ಸಿಗುತ್ತವೆಯೇ? ಇಲ್ಲಿದೆ ವಿವರ.

'ಸರ್' ಎಂದರೆ ಏನು?

ಇಂದು ಶಾಲೆಯ ಮೇಷ್ಟ್ರನ್ನೂ ಆಫೀಸಿನ ಮೇಲಧಿಕಾರಿಯನ್ನೂ 'ಸರ್' ಎಂದೇ ಕರೆಯುತ್ತೇವೆ. ಹೆಸರಿನ ಹಿಂದೆ ಅಧಿಕೃತವಾಗಿ ಸೇರುವ 'ಸರ್' ಅದಲ್ಲ. ಬ್ರಿಟನ್ ದೊರೆಯಿಂದ 'ನೈಟ್' ಪದವಿ ಪಡೆದವರಿಗೆ ಆ ಹಕ್ಕು. ನೈಟ್ ಪದವಿ ಆ ವ್ಯಕ್ತಿಯ ಜೀವಿತಾವಧಿಗೆ ಸೀಮಿತ. ಅದಕ್ಕಿಂತ ಮೇಲಿನದು 'ಬ್ಯಾರನೆಟ್'. ಇದು ತಂದೆಯಿಂದ ಮಗನಿಗೆ ವಂಶಪಾರಂಪರ್ಯವಾಗಿ ಹೋಗುತ್ತದೆ.

ಈ ಎರಡನ್ನೂ ಮೊದಲು ಪಡೆದ ಭಾರತೀಯ ಮುಂಬೈನವರೇ. ಪಾರ್ಸಿ ವರ್ತಕ ಜಮ್‌ಶೇಟ್‌ಜಿ ಜೀಜೀಭಾಯ್ 1842ರಲ್ಲಿ ನೈಟ್, 1857ರಲ್ಲಿ ಬ್ಯಾರನೆಟ್ ಆದರು. ಮುಂಬೈಯ ಜೆ.ಜೆ. ಆಸ್ಪತ್ರೆ, ಜೆ.ಜೆ. ಕಲಾಶಾಲೆ ಇವರ ಹೆಸರಿನವು. ಚೀನಾ ಜೊತೆಗಿನ ಅಫೀಮು ಮತ್ತು ಹತ್ತಿ ವ್ಯಾಪಾರದಿಂದ ಬಂದ ಸಂಪತ್ತಿನ ದೊಡ್ಡ ಪಾಲನ್ನು ಅವರು ದಾನಕ್ಕೆ ಬಳಸಿದರು.

ಅಂಧೇರಿಗೂ ಈ ಕುಟುಂಬಕ್ಕೂ ಒಂದು ನಂಟಿದೆ. ಅಂಧೇರಿ ಇರುವುದು ಸಾಷ್ಟಿ ದ್ವೀಪದಲ್ಲಿ. ಮುಂಬೈ ದ್ವೀಪದ ಮಾಹಿಮ್‌ನಿಂದ ಬಾಂದ್ರಾ ಕಡೆಗೆ ದಾಟಲು ಹಿಂದೆ ದೋಣಿಯೇ ಗತಿ. ಜಮ್‌ಶೇಟ್‌ಜಿ ಅವರ ಪತ್ನಿ ಅವಾಬಾಯಿ ಒಂದೂವರೆ ಲಕ್ಷ ರೂಪಾಯಿಗೂ ಹೆಚ್ಚು ಹಣ ಕೊಟ್ಟ ಮೇಲೆ 1845ರಲ್ಲಿ ಮಾಹಿಮ್ ಕಾಸ್‌ವೇ ತೆರೆಯಿತು. ದಾಟುವವರಿಂದ ಸುಂಕ ವಸೂಲಿ ಮಾಡಬಾರದು ಎಂಬುದು ಅವರ ಷರತ್ತಾಗಿತ್ತು. ಬಿರುದು ಗಂಡನಿಗೆ ಬಂದಿತ್ತು. ಆ ಕಾಲದಲ್ಲಿ ಹೆಂಡತಿಗೆ 'ಲೇಡಿ' ಎಂಬ ಗೌರವ ಗಂಡನ ಮೂಲಕವೇ ಬರಬೇಕಿತ್ತು.

ಬ್ರಿಟಿಷ್ ಕಾಲದ ಬಿರುದುಗಳ ಮೆಟ್ಟಿಲು

ಹಳೆಯ ಪುಸ್ತಕ, ಶಿಲಾಫಲಕ, ಲಗ್ನಪತ್ರಿಕೆಗಳಲ್ಲಿ ಹೆಸರಿನ ಹಿಂದೆ-ಮುಂದೆ ಕಾಣುವ ಅಕ್ಷರಗಳಿಗೆ ಒಂದು ಕ್ರಮವಿತ್ತು. ಮುಖ್ಯವಾದವು ಇವು.

* ಸ್ಟಾರ್ ಆಫ್ ಇಂಡಿಯಾ: 1861ರಲ್ಲಿ ಆರಂಭ. ಜಿಸಿಎಸ್ಐ, ಕೆಸಿಎಸ್ಐ, ಸಿಎಸ್ಐ ಎಂಬ ಮೂರು ದರ್ಜೆ. ಸಂಸ್ಥಾನಗಳ ರಾಜರು, ದಿವಾನರು, ಅತಿ ಹಿರಿಯ ಅಧಿಕಾರಿಗಳಿಗೆ. ಮೈಸೂರು ದಿವಾನ ಶೇಷಾದ್ರಿ ಅಯ್ಯರ್ ಕೆಸಿಎಸ್ಐ ಆಗಿದ್ದರು.

* ಇಂಡಿಯನ್ ಎಂಪೈರ್: 1878ರಿಂದ ಜಾರಿಗೆ ಬಂದದ್ದು. ಜಿಸಿಐಇ, ಕೆಸಿಐಇ, ಸಿಐಇ ದರ್ಜೆಗಳು. ಇದರಲ್ಲಿ ಮೇಲಿನ ಎರಡು ದರ್ಜೆಯವರು 'ಸರ್' ಆಗುತ್ತಿದ್ದರು, ಸಿಐಇ ಪಡೆದವರು ಆಗುತ್ತಿರಲಿಲ್ಲ.

* ಬ್ರಿಟಿಷ್ ಎಂಪೈರ್: ಮೊದಲ ಮಹಾಯುದ್ಧದ ನಡುವೆ 1917ರಲ್ಲಿ ಐದನೇ ಜಾರ್ಜ್ ಆರಂಭಿಸಿದ್ದು. ಜಿಬಿಇ, ಕೆಬಿಇ, ಸಿಬಿಇ, ಒಬಿಇ, ಎಂಬಿಇ ಎಂಬ ಐದು ದರ್ಜೆ. ಇಂದಿಗೂ ಜಾರಿಯಲ್ಲಿದೆ.

* ಕೈಸರ್-ಇ-ಹಿಂದ್ ಪದಕ: 1900ರಲ್ಲಿ ಆರಂಭ. ಭಾರತದಲ್ಲಿ ಸಲ್ಲಿಸಿದ ಸಾರ್ವಜನಿಕ ಸೇವೆಗಾಗಿಯೇ ಇದ್ದ ಪದಕ. ಜಾತಿ, ಹುದ್ದೆ, ಲಿಂಗ ನೋಡದೆ ಕೊಡಬಹುದಾಗಿತ್ತು. ಹೀಗಾಗಿ ವೈದ್ಯರು, ಮಿಷನರಿಗಳು, ಮಹಿಳೆಯರಿಗೂ ಸಿಕ್ಕಿತು.

* ರಾವ್ ಸಾಹೇಬ್, ರಾವ್ ಬಹಾದೂರ್, ಖಾನ್ ಸಾಹೇಬ್, ಖಾನ್ ಬಹಾದೂರ್, ದಿವಾನ್ ಬಹಾದೂರ್: ಇವನ್ನು ಕೊಡುತ್ತಿದ್ದವರು ವೈಸ್‌ರಾಯ್. ಉತ್ತರ ಭಾರತದಲ್ಲಿ ರಾವ್ ಬದಲು 'ರಾಯ್' ಬಳಕೆಯಲ್ಲಿತ್ತು. ಹಿಂದೂಗಳಿಗೆ ಒಂದು, ಮುಸ್ಲಿಮರು ಮತ್ತು ಪಾರ್ಸಿಗಳಿಗೆ ಇನ್ನೊಂದು ಎಂದು ಬಿರುದಿನಲ್ಲೇ ಧರ್ಮ ಗೊತ್ತಾಗುತ್ತಿತ್ತು.

ಹೊಸ ವರ್ಷದ ದಿನ ಮತ್ತು ದೊರೆಯ ಜನ್ಮದಿನದಂದು ಪಟ್ಟಿ ಪ್ರಕಟವಾಗುತ್ತಿತ್ತು. ಮೈಸೂರು ಸಂಸ್ಥಾನದಲ್ಲಿ ಇದರ ಜೊತೆಗೆ ಮಹಾರಾಜರದ್ದೇ ಪ್ರತ್ಯೇಕ ಬಿರುದುಗಳಿದ್ದವು. 'ರಾಜಸೇವಾಸಕ್ತ' ಬಿ.ಎಂ. ಶ್ರೀಕಂಠಯ್ಯ ಎಂಬಲ್ಲಿನ ಬಿರುದು ಅಂಥದ್ದು; ಅದಕ್ಕೂ ಬ್ರಿಟನ್‌ಗೂ ಸಂಬಂಧವಿಲ್ಲ.

ಬಿರುದು ಪಡೆದ ಕನ್ನಡ ನಾಡಿನವರು, ಮುಂಬೈ ನಂಟಿನವರು

ವಿಶ್ವೇಶ್ವರಯ್ಯನವರ ವೃತ್ತಿಜೀವನ ಆರಂಭವಾದದ್ದು ಮೈಸೂರಿನಲ್ಲಲ್ಲ, ಮುಂಬೈ ಪ್ರಾಂತ್ಯದಲ್ಲಿ. 1884ರಲ್ಲಿ ಅಲ್ಲಿನ ಲೋಕೋಪಯೋಗಿ ಇಲಾಖೆ ಸೇರಿ ನಾಸಿಕ್, ಖಾನ್‌ದೇಶ, ಪುಣೆಗಳಲ್ಲಿ ಕೆಲಸ ಮಾಡಿದರು. ಅವರ ಸ್ವಯಂಚಾಲಿತ ಗೇಟುಗಳು ಮೊದಲು ಬಂದದ್ದು ಪುಣೆ ಬಳಿಯ ಖಡಕ್‌ವಾಸ್ಲಾ ಜಲಾಶಯದಲ್ಲಿ. ಸುಮಾರು ಕಾಲು ಶತಮಾನದ ಆ ಸೇವೆಯ ನಂತರವೇ ಅವರು ಮೈಸೂರಿಗೆ ಬಂದರು. 1911ರಲ್ಲಿ ಸಿಐಇ, ದಿವಾನರಾಗಿದ್ದಾಗ 1915ರಲ್ಲಿ ಕೆಸಿಐಇ ಬಂತು. ಎರಡನೆಯದರಿಂದ ಅವರು 'ಸರ್ ಎಂ.ವಿ.' ಆದರು.

ಸರ್ ನಾರಾಯಣ ಗಣೇಶ ಚಂದಾವರ್ಕರ್ ಹುಟ್ಟಿದ್ದು 1855ರಲ್ಲಿ, ಉತ್ತರ ಕನ್ನಡದ ಹೊನ್ನಾವರದಲ್ಲಿ. ಮುಂಬೈಯಲ್ಲಿ ಓದಿ ವಕೀಲರಾದರು. 1900ರಲ್ಲಿ ಕಾಂಗ್ರೆಸ್‌ನ ಲಾಹೋರ್ ಅಧಿವೇಶನದ ಅಧ್ಯಕ್ಷರಾದರು, ಮರುವರ್ಷವೇ ಮುಂಬೈ ಹೈಕೋರ್ಟ್ ನ್ಯಾಯಮೂರ್ತಿಯಾದರು. 1910ರಲ್ಲಿ ನೈಟ್ ಪದವಿ ಬಂತು. ಪ್ರಾರ್ಥನಾ ಸಮಾಜದ ಮುಂದಾಳಾಗಿದ್ದ ಅವರು, ಅಸ್ಪೃಶ್ಯ ಮಕ್ಕಳ ಶಿಕ್ಷಣಕ್ಕಾಗಿ 1906ರಲ್ಲಿ ಮುಂಬೈಯಲ್ಲಿ ಆರಂಭವಾದ ಡಿಪ್ರೆಸ್ಡ್ ಕ್ಲಾಸಸ್ ಮಿಷನ್ ಸೊಸೈಟಿಯ ಅಧ್ಯಕ್ಷರೂ ಆಗಿದ್ದರು.

ಆ ಸೊಸೈಟಿಯನ್ನು ಕಟ್ಟಿದವರು, ಅದಕ್ಕಾಗಿ ಊರೂರು ಸುತ್ತಿದವರು ವಿಠ್ಠಲ ರಾಮಜಿ ಶಿಂದೆ. ಅವರೂ ಇಂದಿನ ಕರ್ನಾಟಕದವರೇ, ಜಮಖಂಡಿಯಲ್ಲಿ ಹುಟ್ಟಿದವರು. ಅಧ್ಯಕ್ಷರ ಹೆಸರಿನ ಹಿಂದೆ 'ಸರ್' ಇದೆ. ಶಿಂದೆಯವರನ್ನು ಜನ ನೆನೆಯುವುದು 'ಮಹರ್ಷಿ' ಎಂದು. ಅದನ್ನು ಕೊಟ್ಟದ್ದು ಯಾವ ಗೆಜೆಟ್ಟೂ ಅಲ್ಲ.

ಪಂಡಿತಾ ರಮಾಬಾಯಿ 1858ರಲ್ಲಿ ಹುಟ್ಟಿದ್ದು ಆಗಿನ ಕೆನರಾ ಜಿಲ್ಲೆಯಲ್ಲಿ, ಕಾರ್ಕಳ ಕಡೆಯ ಮಾಳದ ಬಳಿಯ ಕಾಡಿನ ಆಶ್ರಮದಲ್ಲಿ. ವಿಧವೆಯರಿಗಾಗಿ ಅವರು 1889ರಲ್ಲಿ 'ಶಾರದಾ ಸದನ' ತೆರೆದದ್ದು ಮುಂಬೈಯಲ್ಲಿ. ಪ್ಲೇಗ್ ಸಮಯದಲ್ಲಿ ಸರ್ಕಾರದ ಕ್ರಮಗಳನ್ನು ಪತ್ರಿಕೆಯಲ್ಲಿ ಬಹಿರಂಗವಾಗಿ ಟೀಕಿಸಿದ್ದ ಇವರಿಗೆ 1919ರಲ್ಲಿ ಅದೇ ಸರ್ಕಾರ ಕೈಸರ್-ಇ-ಹಿಂದ್ ಪದಕ ಕೊಟ್ಟಿತು.

ಹುಬ್ಬಳ್ಳಿಯ ಸರ್ ಸಿದ್ದಪ್ಪ ಕಂಬಳಿ, ಹುಬ್ಬಳ್ಳಿ-ಧಾರವಾಡ ಮುಂಬೈ ಪ್ರಾಂತ್ಯದಲ್ಲಿದ್ದ ಕಾಲದಲ್ಲಿ ಪ್ರಾಂತ್ಯದ ಶಿಕ್ಷಣ ಸಚಿವರಾಗಿದ್ದರು. ಬೆಂಗಳೂರಿನ ಟೌನ್‌ಹಾಲ್‌ಗೆ ಹೆಸರಿತ್ತ ಸರ್ ಕೆ.ಪಿ. ಪುಟ್ಟಣ್ಣ ಚೆಟ್ಟಿ, ಮೈಸೂರು ದಿವಾನ ಸರ್ ಮಿರ್ಜಾ ಇಸ್ಮಾಯಿಲ್ ಕೂಡ ಇದೇ ಸಾಲಿನವರು. ಮಂಗಳೂರಿನ ಬೆನೆಗಲ್ ಕುಟುಂಬದ ಇಬ್ಬರು ಸೋದರರು ನೈಟ್ ಆಗಿದ್ದರು. ಅವರಲ್ಲಿ ಸರ್ ಬೆನೆಗಲ್ ರಾಮ ರಾವ್ 1949ರಿಂದ 1957ರವರೆಗೆ ಮುಂಬೈಯಲ್ಲಿ ರಿಸರ್ವ್ ಬ್ಯಾಂಕ್ ಗವರ್ನರ್ ಆಗಿದ್ದರು. ಇನ್ನೊಬ್ಬ ಸೋದರನ ವಿಷಯ ಮುಂದೆ ಬರುತ್ತದೆ.

ಸೇವೆಗೋ, ನಿಷ್ಠೆಗೋ?

ಬಿರುದಿಗೆ ಹೆಸರು ಸೂಚಿಸುತ್ತಿದ್ದವರು ಅಧಿಕಾರಿಗಳು. ಜಿಲ್ಲಾ ಕಲೆಕ್ಟರ್‌ನಿಂದ ಪ್ರಾಂತೀಯ ಸರ್ಕಾರಕ್ಕೆ, ಅಲ್ಲಿಂದ ವೈಸ್‌ರಾಯ್ ಕಚೇರಿಗೆ ಕಡತ ಹೋಗುತ್ತಿತ್ತು. ಕೆರೆ ಕಟ್ಟಿಸಿದವರು, ಆಸ್ಪತ್ರೆಗೆ ದಾನ ಕೊಟ್ಟವರು, ಬರಗಾಲದಲ್ಲಿ ಗಂಜಿ ಕೇಂದ್ರ ನಡೆಸಿದವರು ಪಟ್ಟಿಯಲ್ಲಿದ್ದರು. ಯುದ್ಧ ನಿಧಿಗೆ ಹಣ ಕೊಟ್ಟವರು, ಸೈನ್ಯಕ್ಕೆ ಜನ ಸೇರಿಸಿಕೊಟ್ಟವರು, ಚಳವಳಿ ಹತ್ತಿಕ್ಕಲು ನೆರವಾದವರೂ ಇದ್ದರು. ಅಧಿಕಾರಿಯ ಕಣ್ಣಿಗೆ ಬೀಳದ ಸೇವೆ ಕಡತಕ್ಕೆ ಏರುವುದು ಕಷ್ಟವಾಗಿತ್ತು.

ಹೀಗಾಗಿ ಒಂದೇ ಬಿರುದು ಒಬ್ಬರ ಮನೆಯಲ್ಲಿ ಹೆಮ್ಮೆ, ಇನ್ನೊಬ್ಬರಿಗೆ ಮುಜುಗರ. ಗೋಪಾಲಕೃಷ್ಣ ಗೋಖಲೆ 1904ರಲ್ಲಿ ಸಿಐಇ ಸ್ವೀಕರಿಸಿದ್ದರು. ಮುಂದೆ ಕೆಸಿಐಇ ಬಂದಾಗ ಬೇಡ ಎಂದರು. ಜಲಿಯನ್‌ವಾಲಾಬಾಗ್ ಹತ್ಯಾಕಾಂಡದ ನಂತರ, 1919ರ ಮೇ ಕೊನೆಯಲ್ಲಿ ರವೀಂದ್ರನಾಥ ಟ್ಯಾಗೋರ್ ತಮ್ಮ ನೈಟ್ ಪದವಿಯನ್ನು ತ್ಯಜಿಸಿ ವೈಸ್‌ರಾಯ್‌ಗೆ ಪತ್ರ ಬರೆದರು.

ಗಾಂಧೀಜಿಯೂ ಪದಕ ಪಡೆದವರೇ ಎಂಬುದು ಹಲವರಿಗೆ ತಿಳಿದಿಲ್ಲ. ದಕ್ಷಿಣ ಆಫ್ರಿಕಾದಲ್ಲಿನ ಮಾನವೀಯ ಸೇವೆಗಾಗಿ ಅವರಿಗೆ 1915ರಲ್ಲಿ ಕೈಸರ್-ಇ-ಹಿಂದ್ ಚಿನ್ನದ ಪದಕ ಸಿಕ್ಕಿತ್ತು. ಬೋಯರ್ ಯುದ್ಧ ಮತ್ತು ಜುಲು ದಂಗೆಯ ವೇಳೆ ಗಾಯಾಳುಗಳನ್ನು ಹೊತ್ತ ತಂಡಗಳ ಕೆಲಸಕ್ಕೆ ಇನ್ನೆರಡು ಪದಕಗಳಿದ್ದವು. 1920ರ ಆಗಸ್ಟ್ 1ರಂದು ಮೂರನ್ನೂ ವೈಸ್‌ರಾಯ್ ಚೆಮ್ಸ್‌ಫರ್ಡ್‌ಗೆ ಹಿಂದಿರುಗಿಸಿದರು. ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ಕಲ್ಕತ್ತಾದ ಕಾಂಗ್ರೆಸ್ ವಿಶೇಷ ಅಧಿವೇಶನ ಅಂಗೀಕರಿಸಿದ ಅಸಹಕಾರ ಕಾರ್ಯಕ್ರಮದಲ್ಲಿ ಬಿರುದುಗಳ ತ್ಯಾಗವೇ ಮೊದಲ ಅಂಶವಾಗಿತ್ತು.

ಆಗ 'ರಾಯ್ ಬಹಾದೂರ್' ಬಿರುದು ಬಿಟ್ಟವರಲ್ಲಿ ಉದ್ಯಮಿ ಜಮ್ನಾಲಾಲ್ ಬಜಾಜ್ ಒಬ್ಬರು. 1930ರ ಉಪ್ಪಿನ ಸತ್ಯಾಗ್ರಹದಲ್ಲಿ ಮುಂಬೈ ಉಪನಗರದ ಸತ್ಯಾಗ್ರಹಿಗಳ ಶಿಬಿರ ನಡೆದದ್ದು ವಿಲೇಪಾರ್ಲೆಯಲ್ಲಿ. ಅದರ ಮುಂದಾಳು ಇದೇ ಬಜಾಜ್. ಅಂಧೇರಿಯಿಂದ ವಿಲೇಪಾರ್ಲೆ ಒಂದೇ ರೈಲು ನಿಲ್ದಾಣದ ದೂರ.

ಹಾಗೆಂದು ಬಿರುದು ಇಟ್ಟುಕೊಂಡವರೆಲ್ಲ ದೇಶಕ್ಕೆ ದುಡಿಯಲಿಲ್ಲ ಎನ್ನಲಾಗದು. ಕನ್ನಂಬಾಡಿ ಕಟ್ಟೆಯ ನೀರಿಗೆ ಸಿಐಇಯೂ ಗೊತ್ತಿಲ್ಲ, ಅಸಹಕಾರವೂ ಗೊತ್ತಿಲ್ಲ. ಮಂಡ್ಯದ ಗದ್ದೆಗೆ ಅದು ಇಂದಿಗೂ ಹರಿಯುತ್ತಿದೆ.

ಸಂವಿಧಾನ ಹೇಳುವುದೇನು?

ಸ್ವತಂತ್ರ ಭಾರತದ ಸಂವಿಧಾನದ 18ನೇ ವಿಧಿ ಬಿರುದುಗಳನ್ನು ರದ್ದು ಮಾಡಿತು. ಅದರ ಸಾರ ಹೀಗಿದೆ.

* ಸೇನೆ ಮತ್ತು ವಿದ್ಯೆಗೆ ಸಂಬಂಧಿಸಿದ ಗೌರವಗಳನ್ನು ಬಿಟ್ಟು ಬೇರೆ ಯಾವ ಬಿರುದನ್ನೂ ಸರ್ಕಾರ ಕೊಡುವಂತಿಲ್ಲ.
* ಭಾರತದ ಪ್ರಜೆ ಯಾವುದೇ ವಿದೇಶದಿಂದ ಬಿರುದು ಸ್ವೀಕರಿಸುವಂತಿಲ್ಲ.
* ಸರ್ಕಾರದ ಲಾಭದಾಯಕ ಹುದ್ದೆಯಲ್ಲಿರುವವರು ರಾಷ್ಟ್ರಪತಿಯ ಒಪ್ಪಿಗೆ ಇಲ್ಲದೆ ವಿದೇಶದಿಂದ ಉಡುಗೊರೆ, ಸಂಭಾವನೆ ಅಥವಾ ಹುದ್ದೆ ಪಡೆಯುವಂತಿಲ್ಲ.

ಸ್ವಾರಸ್ಯವೆಂದರೆ, ಸಂವಿಧಾನ ಸಭೆಯ ಸಾಂವಿಧಾನಿಕ ಸಲಹೆಗಾರರಾಗಿ ಆರಂಭದ ಕರಡು ಸಿದ್ಧಪಡಿಸಿದವರು ಬೆನೆಗಲ್ ನರಸಿಂಗ ರಾವ್. 1938ರಲ್ಲಿ ನೈಟ್ ಪದವಿ ಪಡೆದಿದ್ದ ಅವರೇ ಮೇಲೆ ಹೇಳಿದ ಇನ್ನೊಬ್ಬ ಸೋದರ. 'ಸರ್'ಗಳೇ ಕುಳಿತು ಕೆಲಸ ಮಾಡಿದ ಸಂವಿಧಾನವೇ 'ಸರ್' ಬಿರುದಿಗೆ ಬಾಗಿಲು ಮುಚ್ಚಿತು.

1954ರ ಜನವರಿ 2ರಂದು ಭಾರತ ತನ್ನದೇ ಭಾರತರತ್ನ ಮತ್ತು ಪದ್ಮ ಪುರಸ್ಕಾರಗಳನ್ನು ಆರಂಭಿಸಿತು. ಮೊದಲ ವರ್ಷದ ಮೂವರು ಭಾರತರತ್ನರಲ್ಲಿ ಸಿ.ವಿ. ರಾಮನ್ ಮತ್ತು ಎಸ್. ರಾಧಾಕೃಷ್ಣನ್ ಹಿಂದೆ ಬ್ರಿಟಿಷ್ ನೈಟ್‌ಗಳಾಗಿದ್ದವರೇ. 1955ರಲ್ಲಿ ವಿಶ್ವೇಶ್ವರಯ್ಯನವರಿಗೆ ಭಾರತರತ್ನ ಬಂತು. ಪ್ರಶಸ್ತಿ ಕೊಟ್ಟ ಮಾತ್ರಕ್ಕೆ ತಾನು ಸರ್ಕಾರವನ್ನು ಹೊಗಳುವೆನೆಂದು ಭಾವಿಸಬಾರದು ಎಂದು ಅವರು ನೆಹರೂ ಅವರಿಗೆ ಬರೆದ ಪ್ರಸಂಗ ಪ್ರಸಿದ್ಧ. ಪ್ರಶಸ್ತಿ ಸೇವೆಗೋ ನಿಷ್ಠೆಗೋ ಎಂಬ ಹಳೆಯ ಪ್ರಶ್ನೆ ಸ್ವತಂತ್ರ ಭಾರತದಲ್ಲೂ ಅವರ ಮನಸ್ಸಿನಲ್ಲಿತ್ತು.

ಆ ಪ್ರಶ್ನೆ ಅಲ್ಲಿಗೆ ಮುಗಿಯಲಿಲ್ಲ. 1977ರಲ್ಲಿ ಮೊರಾರ್ಜಿ ದೇಸಾಯಿ ಸರ್ಕಾರ ಪದ್ಮ ಪುರಸ್ಕಾರಗಳನ್ನೇ ನಿಲ್ಲಿಸಿತು. 1980ರಲ್ಲಿ ಮತ್ತೆ ಆರಂಭವಾದವು. ಬಾಲಾಜಿ ರಾಘವನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಭಾರತರತ್ನ ಮತ್ತು ಪದ್ಮ ಪುರಸ್ಕಾರಗಳು 18ನೇ ವಿಧಿ ನಿಷೇಧಿಸುವ ಬಿರುದುಗಳಲ್ಲ ಎಂದು ಹೇಳಿತು. ಆದರೆ ಅವನ್ನು ಹೆಸರಿನ ಹಿಂದೆ ಅಥವಾ ಮುಂದೆ ಸೇರಿಸಿಕೊಳ್ಳುವಂತಿಲ್ಲ ಎಂದೂ ಸ್ಪಷ್ಟಪಡಿಸಿತು.

ಅಂದರೆ ಲೆಟರ್‌ಹೆಡ್‌ನಲ್ಲಿ, ಆಹ್ವಾನ ಪತ್ರಿಕೆಯಲ್ಲಿ, ಪುಸ್ತಕದ ಮುಖಪುಟದಲ್ಲಿ 'ಪದ್ಮಶ್ರೀ' ಎಂದು ಹೆಸರಿಗೆ ಅಂಟಿಸುವುದು ನಿಯಮಬಾಹಿರ. ಸಂಘ-ಸಂಸ್ಥೆಗಳ ಸನ್ಮಾನ ಪತ್ರಗಳಲ್ಲಿ ಈ ತಪ್ಪು ಇಂದಿಗೂ ಸಾಮಾನ್ಯ. 'ಪದ್ಮಶ್ರೀ ಪುರಸ್ಕೃತರು' ಎಂದು ಪರಿಚಯದಲ್ಲಿ ಬರೆಯುವುದಕ್ಕೆ ಅಡ್ಡಿಯಿಲ್ಲ.

ಇಂದಿಗೂ ಭಾರತೀಯರಿಗೆ ಸಿಗುತ್ತಿದೆಯೇ?

ಸಿಗುತ್ತಿದೆ, ಆದರೆ 'ಗೌರವಾರ್ಥ' ರೂಪದಲ್ಲಿ. ಭಾರತ ಕಾಮನ್‌ವೆಲ್ತ್ ಸದಸ್ಯ ರಾಷ್ಟ್ರವಾದರೂ 1950ರಿಂದ ಗಣರಾಜ್ಯ. ಬ್ರಿಟನ್ ದೊರೆ ನಮ್ಮ ರಾಷ್ಟ್ರದ ಮುಖ್ಯಸ್ಥರಲ್ಲ. ಹಾಗಾಗಿ ಭಾರತದ ಪ್ರಜೆಗೆ ಕೆಬಿಇ ಬಂದರೂ 'ಸರ್' ಎಂದು ಕರೆಸಿಕೊಳ್ಳುವ ಹಕ್ಕು ಬರುವುದಿಲ್ಲ. ಬ್ರಿಟನ್ ಪೌರತ್ವ ಪಡೆದ ಭಾರತ ಮೂಲದವರಿಗೆ ಈ ನಿರ್ಬಂಧವಿಲ್ಲ.

ಮುಂಬೈಯ ಉದ್ಯಮಿ ರತನ್ ಟಾಟಾ ಅವರಿಗೆ 2009ರಲ್ಲಿ ಗೌರವ ಕೆಬಿಇ, 2014ರಲ್ಲಿ ಗೌರವ ಜಿಬಿಇ ಸಿಕ್ಕಿತ್ತು. ಆದರೂ ಅವರು ಎಂದೂ 'ಸರ್ ರತನ್ ಟಾಟಾ' ಆಗಲಿಲ್ಲ. ಮುಂಬೈಯಲ್ಲಿ ಆ ಹೆಸರಿನ ಟ್ರಸ್ಟ್ ಇರುವುದು ಜಮ್‌ಶೆಡ್‌ಜಿ ಟಾಟಾ ಅವರ ಕಿರಿಯ ಮಗನ ಹೆಸರಿನಲ್ಲಿ. ಅವರು ಬ್ರಿಟಿಷ್ ಕಾಲದ ನೈಟ್. ಇನ್ಫೋಸಿಸ್‌ನ ಎನ್.ಆರ್. ನಾರಾಯಣ ಮೂರ್ತಿ ಅವರಿಗೆ 2007ರಲ್ಲಿ ಗೌರವ ಸಿಬಿಇ ಬಂತು.

ಇತರ ಕಾಮನ್‌ವೆಲ್ತ್ ದೇಶಗಳು ತಮ್ಮದೇ ಗೌರವಗಳನ್ನು ಮಾಡಿಕೊಂಡಿವೆ. ಕೆನಡಾ 1967ರಲ್ಲಿ, ಆಸ್ಟ್ರೇಲಿಯಾ 1975ರಲ್ಲಿ ಸ್ವಂತ 'ಆರ್ಡರ್' ಆರಂಭಿಸಿದವು. ಮುಂಬೈಯ ಸಚಿನ್ ತೆಂಡೂಲ್ಕರ್ 2012ರಲ್ಲಿ, ಬೆಂಗಳೂರಿನ ಕಿರಣ್ ಮಜುಂದಾರ್ ಶಾ 2020ರಲ್ಲಿ ಆರ್ಡರ್ ಆಫ್ ಆಸ್ಟ್ರೇಲಿಯಾದ ಗೌರವ ಸದಸ್ಯರಾದರು.

ಬ್ರಿಟನ್‌ನಲ್ಲಿ ಈಗ ಯಾರು ಬೇಕಾದರೂ ಯಾರ ಹೆಸರನ್ನಾದರೂ ಸೂಚಿಸಬಹುದು. ಕನಿಷ್ಠ ಎರಡು ಬೆಂಬಲ ಪತ್ರ ಬೇಕು. ಶಾಲೆ ದಾಟುವ ಮಕ್ಕಳನ್ನು ನೋಡಿಕೊಳ್ಳುವವರು, ಊರಿನ ಗ್ರಂಥಾಲಯ ನಡೆಸುವವರಂಥ ಸ್ಥಳೀಯ ಸೇವಕರಿಗಾಗಿ ಎಂಬಿಇ ಮತ್ತು ಬ್ರಿಟಿಷ್ ಎಂಪೈರ್ ಪದಕಗಳಿವೆ. 'ಎಂಪೈರ್' ಎಂಬ ಪದ ಮಾತ್ರ ಉಳಿದುಕೊಂಡಿದೆ. ಆ ಪದದ ಕಾರಣಕ್ಕೇ ಗೌರವ ನಿರಾಕರಿಸುವವರು ಇಂದೂ ಇದ್ದಾರೆ.

ಪದ್ಮ ಪುರಸ್ಕಾರಕ್ಕೆ ಹೆಸರು ಸೂಚಿಸುವುದು ಹೇಗೆ?

ಭಾರತದಲ್ಲೂ ಕಲೆಕ್ಟರ್ ಶಿಫಾರಸಿಗೆ ಕಾಯಬೇಕಿಲ್ಲ. ಪ್ರಮುಖ ನಿಯಮಗಳು ಹೀಗಿವೆ.

* ರಾಷ್ಟ್ರೀಯ ಪುರಸ್ಕಾರ ಪೋರ್ಟಲ್‌ನಲ್ಲಿ ಪ್ರತಿವರ್ಷ ನಿಗದಿತ ಅವಧಿಯಲ್ಲಿ ಆನ್‌ಲೈನ್ ಮೂಲಕ ಯಾರು ಬೇಕಾದರೂ ನಾಮನಿರ್ದೇಶನ ಮಾಡಬಹುದು. ತಮ್ಮ ಹೆಸರನ್ನು ತಾವೇ ಸೂಚಿಸಲೂ ಅವಕಾಶವಿದೆ.
* ಸಾಧನೆಯನ್ನು ಗರಿಷ್ಠ 800 ಪದಗಳಲ್ಲಿ ವಿವರಿಸಬೇಕು.
* ವೈದ್ಯರು ಮತ್ತು ವಿಜ್ಞಾನಿಗಳನ್ನು ಬಿಟ್ಟು, ಸೇವೆಯಲ್ಲಿರುವ ಇತರ ಸರ್ಕಾರಿ ನೌಕರರು ಅರ್ಹರಲ್ಲ.
* ಮರಣೋತ್ತರ, ವಿದೇಶಿ ಮತ್ತು ಅನಿವಾಸಿ ಭಾರತೀಯರ ಪುರಸ್ಕಾರ ಬಿಟ್ಟು ವರ್ಷಕ್ಕೆ 120ಕ್ಕಿಂತ ಹೆಚ್ಚು ಕೊಡುವಂತಿಲ್ಲ.
* ಗಣರಾಜ್ಯೋತ್ಸವದ ಸಂದರ್ಭದಲ್ಲಿ ಪಟ್ಟಿ ಪ್ರಕಟವಾಗುತ್ತದೆ.

ಮಂಗಳೂರಿನಲ್ಲಿ ಕಿತ್ತಳೆ ಮಾರಿ ಊರಿಗೆ ಶಾಲೆ ತಂದ ಹರೇಕಳ ಹಾಜಬ್ಬ, ಉತ್ತರ ಕನ್ನಡದ ಹೊನ್ನಳ್ಳಿಯಲ್ಲಿ ಗಿಡ ಬೆಳೆಸಿದ ತುಳಸಿ ಗೌಡ ಅವರ ಹೆಸರು ಪದ್ಮಶ್ರೀ ಪಟ್ಟಿಯಲ್ಲಿ ಬಂದಾಗ ನಾಡೇ ಸಂಭ್ರಮಿಸಿತು. ಇಬ್ಬರೂ ದೆಹಲಿಗೆ ಅರ್ಜಿ ಹಿಡಿದು ಅಲೆಯುವ ಪೈಕಿಯಲ್ಲ. ಅಂಥವರ ಕೆಲಸ ಮೊದಲು ನೆರೆಹೊರೆಯವರ, ಸ್ಥಳೀಯ ಪತ್ರಕರ್ತರ ಕಣ್ಣಿಗೆ ಬೀಳಬೇಕು.

ಮುಂಬೈ ಕನ್ನಡಿಗರಿಗೂ ಇದು ಅನ್ವಯ. ಹಗಲು ಹೋಟೆಲ್‌ನಲ್ಲಿ ದುಡಿದ ಕರಾವಳಿಯ ಹುಡುಗರಿಗೆ ರಾತ್ರಿ ಶಾಲೆಗಳಲ್ಲಿ ಅಕ್ಷರ ಕಲಿಸಿದವರ ದೊಡ್ಡ ಪರಂಪರೆ ಈ ನಗರದಲ್ಲಿದೆ. 1902ರಲ್ಲಿ ಸ್ಥಾಪನೆಯಾದ ಮೊಗವೀರ ವ್ಯವಸ್ಥಾಪಕ ಮಂಡಳಿ ಇಂದು ಅಂಧೇರಿ ಪಶ್ಚಿಮದಲ್ಲಿ ಶಿಕ್ಷಣ ಸಂಕುಲ ನಡೆಸುತ್ತಿದೆ. ಆ ರಾತ್ರಿ ಶಾಲೆಗಳಲ್ಲಿ ಪಾಠ ಹೇಳಿದ ಮೇಷ್ಟ್ರುಗಳ ಹೆಸರಿನ ರಸ್ತೆ ಹುಡುಕಿದರೂ ಸಿಗುವುದು ಕಷ್ಟ. ಅವರಲ್ಲಿ ಇಂದು ನಮ್ಮ ನಡುವೆ ಇರುವವರ ಬಗ್ಗೆ 800 ಪದ ಬರೆಯಲು ಮಾತ್ರ ಯಾರ ಅಪ್ಪಣೆಯೂ ಬೇಕಿಲ್ಲ.